ಹಿತ್ತಲತ್ತೆಯ ಆಲೂಗಡ್ಡೆ ಬಜ್ಜಿ

ಮೊನ್ನೆ ಭಾನುವಾರ ನಮ್ಮ ಅಡುಗೆಮನೆಯಲ್ಲಿ ಕುಕ್ಕರಿನ ತಳ ಹತ್ತಿತು. ಒಳಗಿದ್ದದ್ದು ಆಲೂಗಡ್ಡೆ. ನೀರು ಇಂಗಿ, ಸಿಪ್ಪೆ ಸೀದು, ಆ ವಾಸನೆ ಮನೆಯೆಲ್ಲ ತುಂಬಿಕೊಂಡಿತು. ನಡುಮನೆಯ ಕುರ್ಚಿಯಲ್ಲಿ ತೂಕಡಿಸುತ್ತಿದ್ದ ಅಪ್ಪ ತಲೆಯೆತ್ತಿ, "ಯಾರವ್ವ ಬಂದಿದ್ದು?" ಎಂದರು. ಯಾರೂ ಬಂದಿರಲಿಲ್ಲ. ಆದರೆ ಅವರು ಯಾರನ್ನು ಕೇಳುತ್ತಿದ್ದಾರೆಂದು ನನಗೆ ತಟ್ಟನೆ ಗೊತ್ತಾಯಿತು...

ಕುಕ್ಕರ್ ಇಟ್ಟವಳು ಅಕ್ಕನ ಮಗಳು. ತಾತನಿಗೆ ಎಣ್ಣೆ, ತುಪ್ಪ ಕಮ್ಮಿ ಮಾಡಿ ಎಂದು ಡಾಕ್ಟರು ಹೇಳಿದ ಮೇಲೆ ಅವಳಿಗೆ ತಾತನ ಊಟದ ಮೇಲೆ ಬಹಳ ಕಾಳಜಿ ಹುಟ್ಟಿದೆ. ಮೊಬೈಲಿನಲ್ಲಿ ಒಬ್ಬಾಕೆ ಮಯೋನೀಸ್ ಹಾಕದೆ ಹಗುರವಾಗಿ ಪೊಟ್ಯಾಟೊ ಸಲಾಡ್ ಮಾಡುವುದನ್ನು ತೋರಿಸುತ್ತಿದ್ದಳಂತೆ. ಮಯೋನೀಸ್ ಬದಲು ಮೊಸರು ಹಾಕಬೇಕಂತೆ. "ಇದು ನನ್ನದೇ ಹೊಸ ಪ್ರಯೋಗ" ಎಂದು ಆಕೆ ನಗುತ್ತಾ ಹೇಳುವುದು ನನಗೂ ಕೇಳಿಸಿತು. ನನಗೆ ಮೈಯೆಲ್ಲ ಉರಿಯಿತು. ಬೇಯಿಸಿದ ಗಡ್ಡೆಗೆ ಮೊಸರು ಕಲಸುವುದು ಹೊಸ ಪ್ರಯೋಗವಂತೆ! ಮೊಟ್ಟೆಯನ್ನೂ ಎಣ್ಣೆಯನ್ನೂ ಕಡೆದು ಬಾಟಲಿಗೆ ತುಂಬಿ ಮಾರುವುದು ಮೊದಲು ಬಂತೋ, ನಮ್ಮ ಹೆಂಗಸರ ಮೊಸರು ಬಜ್ಜಿ ಮೊದಲು ಬಂತೋ?

ಆ ಹುಡುಗಿಯ ಮೇಲೆ ನನಗೆ ಸಿಟ್ಟಿಲ್ಲ. ಮೊಬೈಲಿನಾಕೆಯ ಮೇಲೂ ನಿಜವಾಗಿ ಇಲ್ಲ. ನನ್ನ ಸಿಟ್ಟು ಬಹಳ ಹಳೆಯದು. ಅದು ಶ್ರೀರಾಂಪುರದ ನಮ್ಮ ಹಳೇ ಮನೆಯ ಹಿತ್ತಲಲ್ಲಿ, ಬಟ್ಟೆ ಒಗೆಯುವ ಕಲ್ಲಿನ ಹತ್ತಿರ ಹುಟ್ಟಿದ್ದು.

ನಮ್ಮ ಹಿತ್ತಲಿಗೂ ಹಿಂದಿನ ಮನೆಯ ಹಿತ್ತಲಿಗೂ ನಡುವೆ ಎದೆಮಟ್ಟದ ಒಂದು ಮಣ್ಣಿನ ಗೋಡೆ ಇತ್ತು. ಆ ಕಡೆ ಇದ್ದವಳನ್ನು ನಾವು ಮಕ್ಕಳು ಹಿತ್ತಲತ್ತೆ ಎನ್ನುತ್ತಿದ್ದೆವು. ಅವಳಿಗೆ ಮಕ್ಕಳಿರಲಿಲ್ಲ. ನನಗೂ ಅಕ್ಕನಿಗೂ ತಲೆ ಬಾಚಿದ್ದು, ಹೇನು ತೆಗೆದದ್ದು, ಅಮ್ಮ ಹೊಲಕ್ಕೆ ಹೋದಾಗ ಉಣ್ಣಲಿಕ್ಕೆ ಇಟ್ಟದ್ದು ಎಲ್ಲ ಅವಳೇ. ಮಾತು ಕಮ್ಮಿ, ಆದರೆ ಬಾಯಿ ತೆರೆದಳೆಂದರೆ ಒಂದೇ ಏಟು. ಅಕ್ಕ ಜಡೆ ಗಿಡ್ಡ ಎಂದು ಅತ್ತರೆ, "ಜಡೆ ಹಿಡ್ಕಂಡು ಬಾವಿಗಿಳೀತೀಯೇನ್ಲೇ? ಸಾಕು ಬಿಡು" ಎನ್ನುತ್ತಿದ್ದಳು.

ನಾನು ಹೈಸ್ಕೂಲಿಗೆ ಹೋಗುತ್ತಿದ್ದಾಗ ಅಪ್ಪನಿಗೆ ಕಾಮಾಲೆ ಆಯಿತು. ಕಣ್ಣು, ಉಗುರು ಎಲ್ಲ ಹಳದಿ. ಹೊಳಲ್ಕೆರೆಯ ಆಸ್ಪತ್ರೆಯಿಂದ ಮನೆಗೆ ಬಂದರು ಸರಿ, ಆದರೆ ಎಣ್ಣೆ ಕೂಡದು, ಒಗ್ಗರಣೆ ಕೂಡದು, ಖಾರ ಕೂಡದು. ಅಮ್ಮ ಗಂಜಿ ಕೊಟ್ಟರೆ ಅಪ್ಪ ಗೋಡೆಯ ಕಡೆ ಮುಖ ತಿರುಗಿಸುತ್ತಿದ್ದರು. ಮಜ್ಜಿಗೆ ಅನ್ನ ಕಲಸಿಕೊಟ್ಟರೆ ಎರಡು ತುತ್ತಿಗೇ ತಟ್ಟೆ ತಳ್ಳುತ್ತಿದ್ದರು. ದಿನದಿನಕ್ಕೆ ಮನುಷ್ಯ ಹಾಸಿಗೆಯಲ್ಲೇ ಕರಗುತ್ತಿದ್ದ. ಅಮ್ಮ ಹಿತ್ತಲಿಗೆ ಹೋಗಿ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ಅಳುವುದನ್ನು ನಾನು ನೋಡಿದ್ದೇನೆ.

ಅದನ್ನು ಹಿತ್ತಲತ್ತೆಯೂ ನೋಡಿದಳು. ಮಾರನೆಯ ದಿನ ಮಧ್ಯಾಹ್ನ ಗೋಡೆಯ ಮೇಲಿಂದ ಒಂದು ಬಟ್ಟಲು ಈ ಕಡೆ ಬಂತು. ಒಲೆ ಆರಿದ ಮೇಲೆ ಬಿಸಿ ಬೂದಿಯಲ್ಲಿ ಆಲೂಗಡ್ಡೆ ಹುಗಿದಿಟ್ಟು, ಸಿಪ್ಪೆ ಸೀಯುವ ತನಕ ಬೇಯಿಸಿದ್ದಳು. ಸುಲಿದು, ಮುದ್ದೆಯಾಗದ ಹಾಗೆ ಕೈಯಲ್ಲೇ ಮುರಿದಿದ್ದಳು. ಅದು ಪೂರ್ತಿ ಆರಿದ ಮೇಲೆ ಕೆನೆ ತೆಗೆದ ಮೊಸರು, ಉಪ್ಪು, ಒಂದಿಷ್ಟು ಶುಂಠಿ ರಸ, ಹುರಿದು ಅಂಗೈಯಲ್ಲಿ ಉಜ್ಜಿದ ಜೀರಿಗೆ, ಕೊತ್ತಂಬರಿ ಸೊಪ್ಪು. ಅಷ್ಟೇ. ಒಂದು ಹನಿ ಎಣ್ಣೆ ಇಲ್ಲ. ಎಣ್ಣೆ ಕೊಡಬೇಕಾದ ರುಚಿಯನ್ನು ಆ ಸೀದ ಸಿಪ್ಪೆಯ ಹೊಗೆಯ ವಾಸನೆ ಕೊಡುತ್ತಿತ್ತು.

ಅಪ್ಪ ಅನ್ನಕ್ಕೆ ಕಲಸಿಕೊಂಡು ತಿಂದರು. ತಟ್ಟೆ ಬಳಿದರು. ಆಮೇಲೆ ಎಷ್ಟೋ ದಿನಗಳಿಂದ ಕೇಳದ ಮಾತು ಕೇಳಿದರು: "ಇನ್ನೊಂಚೂರು ಐತೇನು?" ಅಮ್ಮನಿಗೆ ನಗುವೂ ಅಳುವೂ ಒಟ್ಟಿಗೇ ಬಂದವು. ಅವತ್ತಿನಿಂದ ದಿನಾ ಆ ಬಟ್ಟಲು ಗೋಡೆ ದಾಟಿ ಬರುತ್ತಿತ್ತು. ಬಂದ ಪಾತ್ರೆಯನ್ನು ಖಾಲಿ ವಾಪಸ್ ಕೊಡಬಾರದೆಂದು ಅಮ್ಮ ಅದರಲ್ಲಿ ಒಂದು ಚೂರು ಬೆಲ್ಲ ಹಾಕಿ ಕಳಿಸುತ್ತಿದ್ದಳು. ಬೇಸಿಗೆ ಮುಗಿಯುವ ಹೊತ್ತಿಗೆ ಅಪ್ಪ ಎದ್ದು ಓಡಾಡಿದರು. ಮೊದಲ ಸಲ ಹಿತ್ತಲ ತನಕ ನಡೆದುಹೋದವರು ಗೋಡೆಗೆ ಕೈಕೊಟ್ಟು ನಿಂತು, ನಮ್ಮೆಲ್ಲರ ಎದುರಿಗೇ ಹೇಳಿದರು: "ತಂಗಿ, ನನ್ ದೊಡ್ ಮಗಳ ಮದ್ವೇಲಿ ಈ ಬಜ್ಜಿನ ನೀನೇ ನಿಂತು ಬಡಿಸ್ಬೇಕು."

ಹಿತ್ತಲತ್ತೆ ತಲೆ ತಗ್ಗಿಸಿದಳು. "ಅದೆಲ್ಲ ಬ್ಯಾಡಣ್ಣ. ನಿಮ್ ಜನ ಒಪ್ಪಲ್ಲ" ಎಂದಳು.

"ನಮ್ ಜನ ಅಂದ್ರೆ ನಾನಲ್ವೇನಮ್ಮ? ನಾನ್ ಹೇಳ್ತೀನಿ, ಬಾ."

ಅವಳು ಯಾಕೆ ಹಾಗೆ ಹೇಳಿದಳೆಂದು ನನಗೆ ಆಮೇಲೆ ಅಮ್ಮನಿಂದ ತಿಳಿಯಿತು. ಹಿತ್ತಲತ್ತೆ ಸೀರುಡಿಕೆಯಾದವಳು. ಮೊದಲ ಗಂಡ ತೀರಿಕೊಂಡ ಹೆಂಗಸಿಗೆ ಇನ್ನೊಬ್ಬ ಹೊಸ ಸೀರೆ ಕೊಟ್ಟು ಉಡಿಸಿ ಮನೆ ತುಂಬಿಸಿಕೊಂಡರೆ ನಮ್ಮ ಕಡೆ ಅದಕ್ಕೆ ಸೀರುಡಿಕೆ ಎನ್ನುತ್ತಾರೆ. ವಾಲಗವಿಲ್ಲ, ಹಂದರವಿಲ್ಲ. ಅವಳ ಕೊರಳಲ್ಲಿ ತಾಳಿ ಇತ್ತು, ಕೈತುಂಬ ಬಳೆ ಇತ್ತು, ಹಣೆಯಲ್ಲಿ ಕುಂಕುಮ ಇತ್ತು, ಗಂಡ ಗಟ್ಟಿಮುಟ್ಟಾಗಿದ್ದ. ಆದರೂ ಮದುವೆ ಮನೆಯಲ್ಲಿ ಮುತ್ತೈದೆಯರ ಲೆಕ್ಕಕ್ಕೆ ಅವಳಿಲ್ಲ. ಅರಿಶಿನ ಹಚ್ಚುವ ಹಾಗಿಲ್ಲ, ಮದುವೆ ಅಡುಗೆ ಮುಟ್ಟುವ ಹಾಗಿಲ್ಲ, ಹಂದರದಲ್ಲಿ ಬಡಿಸುವ ಹಾಗಿಲ್ಲ. ಅಪ್ಪನಿಗೆ ಇದೆಲ್ಲ ಗೊತ್ತಿತ್ತು. ಗೊತ್ತಿದ್ದೇ ಕರೆದಿದ್ದರು. ಅದಕ್ಕೇ ಅವಳು ನಂಬಿದಳು.

ಮುಂದಿನ ವರ್ಷವೇ ಅಕ್ಕನ ಮದುವೆ ಗೊತ್ತಾಯಿತು. ಗಂಡಿನವರು ಹೊಳಲ್ಕೆರೆ ಕಡೆಯವರು. ಮದುವೆ ಹಿಂದಿನ ದಿನ ಹಿತ್ತಲತ್ತೆಯ ಮನೆಯ ನೀರಿನ ಹಂಡೆಯ ಒಲೆ ಸಂಜೆಯವರೆಗೂ ಉರಿಯಿತು. ಆ ಬೂದಿಯಲ್ಲಿ ಮೂಟೆ ಆಲೂಗಡ್ಡೆ ಹುಗಿದಿದ್ದಳು. ಬೀದಿಗೆಲ್ಲ ಅದೇ ವಾಸನೆ. ಅಕ್ಕ ಅರಿಶಿನದ ಮೈಯಲ್ಲಿ ಕೂತು, "ಅತ್ತೆ ಬಜ್ಜಿ ವಾಸ್ನೆ ಕಣೇ" ಎಂದು ನನ್ನ ತೊಡೆ ಚಿವುಟಿದಳು.

ಬೆಳಿಗ್ಗೆ ಹಿತ್ತಲತ್ತೆ ಬಂದದ್ದು ನನ್ನ ಕಣ್ಣಿಗೆ ಕಟ್ಟಿದೆ. ಪೆಟ್ಟಿಗೆಯ ತಳದಲ್ಲಿಟ್ಟಿದ್ದ ಹಸಿರು ಸೀರೆ ಉಟ್ಟಿದ್ದಳು. ಬಡಿಸಲಿಕ್ಕೆಂದೇ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿದ್ದಳು. ತಲೆಯ ಮೇಲೆ ಸಿಂಬೆ, ಸಿಂಬೆಯ ಮೇಲೆ ದೊಡ್ಡ ಪಾತ್ರೆ. ನಾನು ಬಾಳೆ ಎಲೆ ತರಲು ಹಿತ್ತಲಿಗೆ ಹೋಗಿದ್ದೆ. ಹಿಂದಿನ ಬಾಗಿಲಲ್ಲಿ ನಮ್ಮ ಸೋದರತ್ತೆ ನಿಂತಿದ್ದಳು, ಅಪ್ಪನ ಅಕ್ಕ.

"ಎಲ್ಲಿಗೆ? ಅಲ್ಲೇ ಕಲ್ಲಿನ್ ಮೇಲೆ ಇಡು. ವಾಲಗದೋರಿಗೆ, ಕೆಲ್ಸದೋರಿಗೆ ಆಗ್ತೈತೆ."

"ಅಣ್ಣ ಬರಾಕೇಳಿದ್ರು..." ಎಂದಳು ಹಿತ್ತಲತ್ತೆ.

ಅಪ್ಪ ಅಲ್ಲೇ ಇದ್ದರು. ಬಾಗಿಲಿನಿಂದ ನಾಲ್ಕು ಮಾರು ಆಚೆ, ಹೊಸ ಪಂಚೆ ಉಟ್ಟು ಹಂದರದ ಗಳಕ್ಕೆ ಕೈಕೊಟ್ಟು ನಿಂತಿದ್ದರು. ಕೇಳಿಸಲಿಲ್ಲ ಎನ್ನುವ ಹಾಗೇ ಇಲ್ಲ. ಹಿತ್ತಲತ್ತೆ ಅವರ ಮುಖ ನೋಡಿದಳು. ಸೋದರತ್ತೆಯೂ ನೋಡಿದಳು. ಅಪ್ಪ ಮೇಲೆ ನೋಡಿದರು. ಹಂದರದ ಸೋಗೆಯಲ್ಲಿ ಏನೋ ಬಿಟ್ಟುಹೋಗಿದೆ ಎಂಬಂತೆ ಮೇಲೆ ನೋಡುತ್ತಾ ನಿಂತುಬಿಟ್ಟರು... ಹೊಳೆ ದಾಟಿದ ಮೇಲೆ ಅಂಬಿಗನ ಹಂಗೇನು? ಹಾಸಿಗೆ ಹಿಡಿದವನ ಬಾಯಿಗೆ ತುತ್ತಾಗಿ ಬಂದಾಗ ಇಲ್ಲದ ಮೈಲಿಗೆ ಅವತ್ತು ಬೆಳಗಾಗುವಷ್ಟರಲ್ಲಿ ಆ ಕೈಗೆ ಎಲ್ಲಿಂದ ಅಂಟಿಕೊಂಡಿತು?

ಇನ್ನೊಂದು ಮಾತು ಹೇಳದಿದ್ದರೆ ನನಗೆ ಸಮಾಧಾನವಿಲ್ಲ. ಬಾಗಿಲಿಗೆ ಅಡ್ಡ ನಿಂತಿದ್ದಳಲ್ಲ, ನಮ್ಮ ಸೋದರತ್ತೆ, ಅವಳ ಗಂಡನಿಗೆ ಅವಳು ಎರಡನೆಯವಳು. ಮೊದಲ ಹೆಂಡತಿ ಸತ್ತು ವರ್ಷ ತುಂಬುವುದರೊಳಗೆ ಆ ಮಾವ ಬಾಸಿಂಗ ಕಟ್ಟಿಕೊಂಡು ಇನ್ನೊಂದು ಸಲ ಹಸೆಮಣೆ ಏರಿದ್ದ. ವಾಲಗ ಊದಿಸಿದ್ದರು, ಊರಿಗೆ ಊಟ ಹಾಕಿಸಿದ್ದರು. ಅಕ್ಕನ ಮದುವೆಯಲ್ಲಿ ಎಲ್ಲ ಶಾಸ್ತ್ರಕ್ಕೂ ಮುಂದೆ ನಿಂತದ್ದು ಆ ದಂಪತಿಗಳೇ. ಗಂಡಸು ಎರಡನೇ ಸಲ ಕಟ್ಟಿಕೊಂಡರೆ ಮದುವೆ, ಹೆಂಗಸು ಕಟ್ಟಿಕೊಂಡರೆ ಸೀರುಡಿಕೆ! ಇದನ್ನು ಯಾವ ದೇವರು ಹೇಳಿದ್ದು, ಯಾರ ಕಿವಿಯಲ್ಲಿ ಹೇಳಿದ್ದು?

ಹಿತ್ತಲತ್ತೆ ಜಗಳ ಮಾಡಲಿಲ್ಲ. ಪಾತ್ರೆಯನ್ನು ಒಗೆಯುವ ಕಲ್ಲಿನ ಮೇಲೆ ಇಳಿಸಿದಳು. ಸೊಂಟದಿಂದ ಸೆರಗು ಬಿಚ್ಚಿ ಹೆಗಲ ಮೇಲೆ ಹೊದ್ದುಕೊಂಡಳು. ಗೋಡೆಯ ಪಕ್ಕದ ಓಣಿಯಿಂದ ಮನೆಗೆ ಹೋದಳು.

ಕತೆ ಅಲ್ಲಿಗೆ ಮುಗಿದಿದ್ದರೂ ಸಹಿಸಬಹುದಿತ್ತೇನೋ. ಊಟದ ಹೊತ್ತಿಗೆ ಜನ ಹೆಚ್ಚಾಗಿ ಪಲ್ಯ ಸಾಲದೆ ಬಂತು. ಅಡುಗೆಯವನು ಹಿತ್ತಲಿಗೆ ಬಂದು, "ಇಷ್ಟೊಂದು ಬಜ್ಜಿ ಯಾಕಿಲ್ಲಿ ಬಿದ್ದೈತೆ?" ಎಂದು ಪಾತ್ರೆ ಎತ್ತಿಕೊಂಡು ಒಳಗೆ ಹೋದ. ಸೋದರತ್ತೆ ನೋಡಿದಳು, ತಡೆಯಲಿಲ್ಲ. ಗಂಡಿನ ಕಡೆಯ ಹಿರಿಯರೊಬ್ಬರು ಎಲೆಯ ಮುಂದೆ ಕೂತು, "ಆ ಬಜ್ಜಿ ಇನ್ನೊಂದಿಷ್ಟು ತರ್ರಿ ಇಲ್ಲಿ. ಹೊಟ್ಟೆಗೆ ಹಗುರಾಗೈತೆ. ಯಾರ್ ಮಾಡಿದ್ದು?" ಎಂದು ಕೇಳಿದರು. "ನಮ್ಮನೇದೇ, ತಗಳ್ರಿ" ಎಂದಳು ಸೋದರತ್ತೆ. ಅಪ್ಪ ಆಗಲೂ ಅಲ್ಲೇ ಇದ್ದರು, ನೀರಿನ ತಂಬಿಗೆ ಹಿಡಿದುಕೊಂಡು.

ಸಂಜೆ ಅಮ್ಮ ಪಾತ್ರೆ ತೊಳೆದು, ಅದರಲ್ಲಿ ಒಂದು ಉಂಡೆ ಬೆಲ್ಲ, ಒಂದು ತೆಂಗಿನಕಾಯಿ, ಬೂಂದಿ ಲಾಡು ಇಟ್ಟು, ನನ್ನನ್ನು ಕರೆದುಕೊಂಡು ಗೋಡೆಯ ಹತ್ತಿರ ಹೋದಳು. ಹಿತ್ತಲತ್ತೆ ಆಗಲೇ ಹಳೇ ಸೀರೆಯಲ್ಲಿದ್ದಳು. ಒಂದೊಂದಾಗಿ ಎಲ್ಲವನ್ನೂ ತೆಗೆದು ಗೋಡೆಯ ಮೇಲೆ, ನಮ್ಮ ಕಡೆಗೆ, ಇಟ್ಟಳು.

"ಖಾಲಿ ಕೊಡಬಾರ್ದು ಕಣಕ್ಕ" ಎಂದಳು ಅಮ್ಮ, ಅಳುತ್ತಾ.

"ಕೊಡಬಾರ್ದೇನೋ ನಿಜ. ನಾನು ಅದೇ ಬಾಗ್ಲಿಂದ ಖಾಲಿ ಬಂದ್ನಲ್ಲವ್ವ."

ಅಷ್ಟೇ ಅವಳು ಆಡಿದ್ದು. ಆಮೇಲೆ ಮಾತು ಬಿಡಲಿಲ್ಲ, ನನ್ನ ಜಡೆ ಹೆಣೆಯುವುದನ್ನೂ ಬಿಡಲಿಲ್ಲ. ಆದರೆ ಆ ಬಜ್ಜಿ ಮತ್ತೆ ಗೋಡೆ ದಾಟಲಿಲ್ಲ. ಒಮ್ಮೆ ಅಪ್ಪ ನಗೆಯಾಡುವವರ ಹಾಗೆ, "ಏನ್ ತಂಗಿ, ಬಜ್ಜಿ ಮರ್ತೇಬಿಟ್ಯಾ?" ಎಂದರು. "ಆಲೂಗಡ್ಡೆ ಇಲ್ಲಣ್ಣ" ಎಂದಳು. ಅವಳ ಹಿತ್ತಲ ಜಗಲಿಯಲ್ಲಿ ಆಲೂಗಡ್ಡೆ ಹರಡಿದ್ದು ಗೋಡೆಯ ಈ ಕಡೆಯಿಂದಲೇ ಕಾಣುತ್ತಿತ್ತು. ನಾನು ಕೆಲಸ ಸಿಕ್ಕಿ ಚಿತ್ರದುರ್ಗಕ್ಕೆ ಬಂದ ಮೇಲೆ ಅವಳು ತೀರಿಕೊಂಡಳು. ನನಗೆ ಸುದ್ದಿ ತಲುಪುವಷ್ಟರಲ್ಲಿ ಮಣ್ಣು ಆಗಿಹೋಗಿತ್ತು. ಅಮ್ಮನೂ ಹೋದಳು, ಅಪ್ಪ ನನ್ನ ಮನೆಗೆ ಬಂದರು. ಆ ಮಣ್ಣಿನ ಗೋಡೆ ಇದ್ದಲ್ಲಿ ಈಗ ಆಳೆತ್ತರದ ಸಿಮೆಂಟ್ ಗೋಡೆ ಎದ್ದಿದೆ.

ಮೊನ್ನೆ ಆ ಸೀದ ಆಲೂಗಡ್ಡೆಯನ್ನು ಅಕ್ಕನ ಮಗಳು ಎಸೆಯಲು ಹೊರಟಿದ್ದಳು. ನಾನು ಕಿತ್ತುಕೊಂಡೆ. ಕರಕಲಾದ ಸಿಪ್ಪೆ ಸುಲಿದು, ಕೈಯಲ್ಲೇ ಮುರಿದು, ಆರಲು ಬಿಟ್ಟು, ಜೀರಿಗೆ ಹುರಿದು ಉಜ್ಜಿದೆ. ಮೊಸರಿನ ಕೆನೆ ತೆಗೆದೆ. ಅವಳು ಮೊಬೈಲ್ ಪಕ್ಕಕ್ಕಿಟ್ಟು ನನ್ನ ಕೈಯನ್ನೇ ನೋಡುತ್ತಿದ್ದಳು.

ಅಪ್ಪ ಒಂದು ತುತ್ತು ಬಾಯಿಗಿಟ್ಟುಕೊಂಡು, ಬಹಳ ಹೊತ್ತು ಅಗಿದರು. "ಯಾರ್ ಮಾಡಿದ್ದು ಇದು?"

"ನಮ್ಮನೇದೇ ತಾತ!" ಎಂದಿತು ಆ ಹುಡುಗಿ. ಅದಕ್ಕೇನು ಗೊತ್ತು ಪಾಪ.

"ನಮ್ಮನೇದಲ್ಲ" ಎಂದೆ. ನನ್ನ ದನಿ ನನಗೇ ಜೋರಾಗಿ ಕೇಳಿಸಿತು. "ಇದು ಹಿತ್ತಲತ್ತೆ ಬಜ್ಜಿ."

ಅಪ್ಪನ ಕೈ ತಟ್ಟೆಯಲ್ಲೇ ನಿಂತಿತು. ಈ ಸಲ ಮೇಲೆ ನೋಡಲಿಲ್ಲ. ತಟ್ಟೆಯನ್ನೇ ನೋಡುತ್ತಾ, "ಅವತ್ತು ನಾನು ಒಂದ್ ಮಾತಾಡ್ಬೇಕಿತ್ತು ಕಣವ್ವ" ಎಂದರು.

ಹೋಗಲಿ ಬಿಡಪ್ಪ, ಆಗಿದ್ದಾಯ್ತು ಎನ್ನಬಹುದಿತ್ತು. ಎಂಬತ್ತು ದಾಟಿದ ಜೀವ, ಕಣ್ಣು ಒದ್ದೆಯಾಗಿತ್ತು. ಆದರೆ ಊಟಕ್ಕಿಲ್ಲದ ಉಪ್ಪಿನಕಾಯಿ ಈಗ ಯಾತಕ್ಕೆ? ಕ್ಷಮಿಸಲಿಕ್ಕೆ ನಾನು ಯಾರು? ಆ ಬಾಗಿಲಲ್ಲಿ ನಿಂತು ಅವರ ಮುಖ ನೋಡಿದವಳು ನಾನಲ್ಲ.

"ಆಡ್ಬೇಕಿತ್ತಪ್ಪ" ಎಂದೆ.

ಅಪ್ಪ ತಲೆಯಾಡಿಸಿದರು. ತಟ್ಟೆಯನ್ನು ಮೆಲ್ಲಗೆ ನನ್ನ ಕಡೆ ಸರಿಸಿ, "ಇನ್ನೊಂಚೂರು ಐತೇನು?" ಎಂದರು.

ಇತ್ತು. ಸೆರಗು ಸೊಂಟಕ್ಕೆ ಸಿಕ್ಕಿಸಿ, ನಿಂತು ಬಡಿಸಿದೆ. ಅಲ್ಲಿ ನಿಲ್ಲಬೇಕಾಗಿದ್ದವಳು ನಾನಲ್ಲ.