ತಿಥಿಯ ದಿನ ಕರಿಯ ಹೋಗುತ್ತಿದ್ದ ಮನೆ

ಹೊಸೂರಿನ ಜಾನಕಮ್ಮ ಮೇಡಂಗೆ ಅನುಮಾನ ಹುಟ್ಟುಗುಣ. ಹಾಲನ್ನು ಉಗುರಿನ ಮೇಲೆ ತೊಟ್ಟು ಬಿಟ್ಟು ನೋಡಿಯೇ ಒಳಗೆ ತೆಗೆದುಕೊಳ್ಳುವವರು; ಕೆಲಸದ ಮಂಗಳಾ ರಜೆ ಕೇಳಿದರೆ, ಸತ್ತ ಅಜ್ಜಿ ಅಪ್ಪನ ಕಡೆಯವಳೋ ಅಮ್ಮನ ಕಡೆಯವಳೋ ಎಂದು ವಿಚಾರಿಸುವವರು. ಚರಿತ್ರೆಯ ಪಾಠದಲ್ಲಿ ಯಾವ ರಾಜನನ್ನೂ ಪೂರ್ತಿ ನಂಬದ ಅವರು ಮನಸಾರೆ ನಂಬಿದ್ದು ನಾಯಿಯನ್ನು ಮಾತ್ರ. ಗ್ರೀಕರ ಪಾಠ ಬಂದಾಗಲೆಲ್ಲ ಮಕ್ಕಳಿಗೆ ಹೇಳುತ್ತಿದ್ದರು: "ಆ ಜನರ ಹಳೇ ಕಥೆಗಳಲ್ಲಿ, ವೇಷ ಮರೆಸ್ಕೊಂಡು ಮನೆಗೆ ಬಂದ ಯಜಮಾನನ್ನ ಮನುಷ್ಯರು ಗುರುತು ಹಿಡೀಲಿಲ್ಲ, ಮುದಿ ನಾಯಿ ಹಿಡೀತು. ಬಾಲಕ್ಕೆ ಸುಳ್ಳು ಹೇಳೋಕೆ ಬರಲ್ಲ ಕಣ್ರೋ."

ನಿವೃತ್ತರಾದ ಮೇಲೆ ಒಂದು ಬಾಲವೇ ಅವರ ನಿದ್ದೆ ಕೆಡಿಸಿತು. ಒಂದು ದಿನ ರೈತರ ಸಂತೆಯಲ್ಲಿ ಅವರು ತರಕಾರಿ ಆರಿಸುವಾಗ ಗಂಡ ಸುಬ್ಬರಾಮ ನಾಯಿಯ ಹಗ್ಗ ಹಿಡಿದು ನಿಂತಿದ್ದರು. ಅಳಿಯ ಬಂದರೂ ಕತ್ತೆತ್ತದ ಸೋಮಾರಿ ಕರಿಯ ಹಗ್ಗ ಕಿತ್ತುಕೊಂಡು ಓಡಿ, ಹುರುಳಿಕಾಯಿ ಮಾರುತ್ತಿದ್ದ ಹೆಂಗಸೊಬ್ಬಳ ಕಾಲಬುಡದಲ್ಲಿ ಹೊಟ್ಟೆ ಮೇಲೆ ಮಾಡಿ ಬಿದ್ದುಕೊಂಡಿತು. ಆಕೆ ಸುಬ್ಬರಾಮರನ್ನು ಒಮ್ಮೆ ನೋಡಿ ತಲೆಗೆ ಸೆರಗೆಳೆದುಕೊಂಡಳು.

"ಯಾರ್ರೀ ಆಕೆ?"

"ನಂಗೇನ್ ಗೊತ್ತು? ಸಂತೇಲಿ ಸಾವಿರ ಜನ ಬತ್ತಾರೆ."

ಅವರ ಕಿವಿ ಕೆಂಪಾಗಿತ್ತು. ನಾಯಿ ಒಂದು ಹೇಳುತ್ತದೆ, ಗಂಡ ಇನ್ನೊಂದು. ಯಾರನ್ನು ನಂಬುವುದೆಂದು ಜಾನಕಮ್ಮ ಯೋಚಿಸಬೇಕಾಗಿಯೇ ಇರಲಿಲ್ಲ.

ಕರಿಯ ಮನೆ ಬಿಟ್ಟು ಬೇರೆಡೆ ಇರುತ್ತಿದ್ದದ್ದು ಮಾವನವರ ತಿಥಿಯಂದು ಮಾತ್ರ. ಪಿಂಡ ನಾಯಿಯ ಕಣ್ಣಿಗೆ ಬೀಳಬಾರದು. ಅದಕ್ಕೆ ಸುಬ್ಬರಾಮ ಬೆಳಗ್ಗೆಯೇ ಬಾಗಲೂರಿನ ಸ್ನೇಹಿತರ ತೋಟದಲ್ಲಿ ಬಿಡುತ್ತೇನೆಂದು ಅದನ್ನು ಸ್ಕೂಟರಿನಲ್ಲಿ ಒಯ್ದು, ಬ್ರಾಹ್ಮಣರ ಊಟವಾದ ಮೇಲೆ ಹೋಗಿ ಕರೆತರುತ್ತಿದ್ದರು. ಅದೇ ಹೊತ್ತಿಗೆ ವಡೆಯ ಪಾತ್ರೆಯೂ ತಗ್ಗಿರುತ್ತಿತ್ತು. ಬೆಕ್ಕು ಕಣ್ಣು ಮುಚ್ಚಿ ಹಾಲು ಕುಡಿದರೆ ಲೋಕಕ್ಕೆ ತಿಳಿಯದೇ? ಇಷ್ಟು ವರ್ಷದ ಸಂಸಾರವೇ ಸುಳ್ಳೇನೋ ಎನಿಸಿ ಜಾನಕಮ್ಮನಿಗೆ ಅನ್ನ ಸೇರದಾಯಿತು.

ಈ ಸಲದ ತಿಥಿಯಂದು, ಗಂಡ ನಾಯಿಯನ್ನು ಕರೆತರಲು ಹೊರಟೊಡನೆ ಅವರೂ ಆಟೋ ಹಿಡಿದು ಸ್ಕೂಟರಿನ ಬೆನ್ನು ಹತ್ತಿದರು. ಬಾಗಲೂರು ದಾಟಿದ ಮೇಲೆ, ಹೊಸ ಲೇಔಟಿನ ಪಕ್ಕದ ಹೊಲದಲ್ಲಿ ಒಂದು ಹೆಂಚಿನ ಮನೆ. ಬಾಗಿಲಲ್ಲೇ ಕರಿಯ. ಒಳಗೆ ಅದೇ ಹೆಂಗಸು ಎಲೆಯ ಮುಂದೆ ಕೂತಿದ್ದಾಳೆ, ಗಂಡ ಕೈಯಾರೆ ವಡೆ ಬಡಿಸುತ್ತಿದ್ದಾರೆ. ಜಾನಕಮ್ಮನ ಬೈಗುಳ ನಾಲಿಗೆಯ ತುದಿಗೆ ಬಂದಿತ್ತು. ಗೋಡೆಯ ಮೇಲೆ ಹಾರ ಹಾಕಿದ ಮಾವನವರ ಫೋಟೋ ಕಂಡೊಡನೆ ಅದು ಅಲ್ಲೇ ನಿಂತಿತು.

ಹೆಂಗಸು ಎಂಜಲುಗೈಯಲ್ಲೇ ಎದ್ದಳು. "ನಾನು ರಮಾದೇವಿ, ಅತ್ತಿಗೆ. ಅಣ್ಣನ್ನ ಬೈಬ್ಯಾಡಿ. ಅಪ್ಪನ ತಿಥಿ ಊಟ ನನ್ ಬಾಯಿಗೂ ಒಂದ್ ತುತ್ತು ಬೀಳ್ಲಿ ಅಂತ ತಂದ್ಕೊಡ್ತಾನೆ."

ಬೇರೆ ಜಾತಿಯ ಕೆಂಪರಾಜುವನ್ನು ಮದುವೆಯಾದಳೆಂದು ಮಾವನವರು ಹೊರಗೆ ಹಾಕಿದ್ದ ಮಗಳು ಈಕೆ. ಅದಾದ ಮೇಲೆಯೇ ಸೊಸೆಯಾಗಿ ಬಂದ ಜಾನಕಮ್ಮ ಆಕೆಯ ಮುಖ ಕಂಡಿರಲಿಲ್ಲ. ಆದರೆ ಅವಳ ಹೆಸರೆತ್ತಕೂಡದೆಂಬ ಕಟ್ಟಳೆಯನ್ನು, ಮಾವ ಸತ್ತ ಮೇಲೂ, ಮನೆಯಲ್ಲಿ ಬಿಗಿಯಾಗಿ ನಡೆಸಿಕೊಂಡು ಬಂದವರು ಅವರೇ.

ಹೋದ ಜೀವ ಬಂದಂತಾಗಿ ಜಾನಕಮ್ಮ ಹೊಸ್ತಿಲ ಮೇಲೇ ಕೂತರು. "ತಂಗಿ ಅಂತ ಒಂದ್ ಮಾತು ಹೇಳ್ಬಾರ್ದಾಗಿತ್ತೇನ್ರೀ? ನಾನು ಏನೇನೋ ಅಂದ್ಕೊಂಡ್ಬುಟ್ಟೆ."

"ನೀನು ಏನ್ ಅಂದ್ಕೊಂಡಿದ್ದೆ ಅಂತ ಗೊತ್ತಿತ್ತು ಜಾನಕಿ," ಎಂದರು ಸುಬ್ಬರಾಮ. "ಅಂದ್ಕೊಳ್ಳಲಿ ಅಂತ ಸುಮ್ನಿದ್ದೆ. ತಂಗಿ ಅಂತ ಗೊತ್ತಾದ್ರೆ ಈ ವಡೆನೂ ನಿಲ್ಲಿಸ್ಬುಡ್ತೀಯ ಅಂತ ಭಯ ಇತ್ತು."

ಇಲ್ಲ, ನಿಲ್ಲಿಸುತ್ತಿರಲಿಲ್ಲ ಎನ್ನಲು ಜಾನಕಮ್ಮ ಬಾಯಿ ತೆರೆದರು. ನಿಲ್ಲಿಸುತ್ತಿದ್ದರೆಂಬುದು ಅವರಿಗೂ ಗೊತ್ತಿತ್ತು.