ಕುಡಿಯದವರು ಕುಡುಕರಾದದ್ದು

ಹೊನ್ನಾಳಿಯಲ್ಲಿ ನಮ್ಮ ಪಕ್ಕದ ಮನೆಯವರು ಸಿನಿಮಾ ನಟರು. ಪೂಜಾರಿ, ಜಡ್ಜ್, ಪೊಲೀಸ್ ಪೇದೆ, ಏನು ಕೊಟ್ಟರೂ ಮಾಡುತ್ತಿದ್ದರು. ಟೀವಿ ಬಂದ ಮೇಲೆ ಧಾರಾವಾಹಿಗಳಲ್ಲೂ. ಊರಿಗೆ ನೆನಪಿದ್ದದ್ದು ಮಾತ್ರ ಕುಡುಕನ ಪಾತ್ರ. ಅವರೋ, ಹೆಂಡದ ವಾಸನೆಗೇ ಮೂಗು ಮುಚ್ಚಿಕೊಳ್ಳುವ ಮನುಷ್ಯ. ಯಾವ ಪಾತ್ರದ ಬಗ್ಗೆ ಕೇಳಿದರೂ ಮೀಸೆ ತೀಡುತ್ತಾ, "ನೋಡ್ಕಂಡೇ ಕಲಿತಿದ್ದು" ಎನ್ನುತ್ತಿದ್ದರು.

ಅವರ ಮಗಳನ್ನು ನೋಡಲು ಜಗಳೂರಿನಿಂದ ಗಂಡಿನ ಕಡೆಯವರು ಬಂದರು. ಹೆಣ್ಣಿನ ಕಡೆಯವನಾಗಿ ನಾನೂ ಕೂತಿದ್ದೆ. ಉಪ್ಪಿಟ್ಟು ಮುಗಿಸಿದ ಹಿರಿಯರೊಬ್ಬರು ನೇರವಾಗಿ ಕೇಳಿದರು:

"ಸಿನಿಮಾದಾಗೆ ಹಂಗೆ ತೂರಾಡ್ತೀರಲ್ರೀ, ಅಭ್ಯಾಸ ಐತೇನು?"

"ಇಲ್ರೀ, ಸಂತೇಲಿ ನೋಡ್ಕಂಡೇ ಕಲಿತಿದ್ದು."

"ಬರೀ ನೋಡಿದ್ರೆ ಹಂಗೆ ಮಾಡಾಕೆ ಬರ್ತೈತಾ?"

ಎದುರಾಳಿಯ ಆರೋಪಕ್ಕೆ ನಾವೇ ಸಾಕ್ಷಿ ಒದಗಿಸಬಾರದು. ಕಾಲೇಜಿನ ಚರ್ಚಾಸ್ಪರ್ಧೆಯಲ್ಲಿ ನಾನು ಕಲಿತ ಮೊದಲ ಪಾಠವದು. ನಟರಿಗೆ ಕಣ್ಣಲ್ಲೇ ಬೇಡ ಎಂದೆ. ಅವರೆಲ್ಲಿ ನೋಡಿದರು? ಬರೀ ನಟನೆ ಎಂದು ತೋರಿಸಲು ಎದ್ದೇಬಿಟ್ಟರು. ಪಂಚೆ ಸಡಿಲಿಸಿ, ತೊದಲುತ್ತಾ, ಕಂಬ ಹಿಡಿದು ಜಾರಿ ಕೂತರು. ಬಂದವರಲ್ಲಿ ಒಬ್ಬರೂ ನಗಲಿಲ್ಲ.

ಮೂರು ದಿನ ಬಿಟ್ಟು ಸಂಬಂಧ ತಂದಿದ್ದ ಮಧ್ಯಸ್ಥರು ಬಂದರು. "ಅವ್ರು ಬ್ಯಾಡ ಅಂದ್ರು ಯಜಮಾನ್ರೇ. ಹಗಲೊತ್ನಾಗೇ ಕುಡಿದಿದ್ರಂತೆ ನೀವು."

ನಾನೂ ಅಲ್ಲೇ ಇದ್ದೆ. ಇದೆಂಥ ತೀರ್ಪು? ಜಗಳೂರಿಗೇ ಹೋಗಿ ವಾದಿಸುತ್ತೇನೆ ಎಂದು ಚಪ್ಪಲಿ ಮೆಟ್ಟಿದೆ. ಅಷ್ಟರಲ್ಲಿ ನಟರ ಮುಖ ಅರಳಿತು.

"ಹೌದಾ? ಯಾವುದು ನೋಡಿ ನಂಬಿದ್ರಂತೆ? ನಡಿಗೆನಾ, ಮಾತಾ?"

ಬಾಗಿಲ ಹಿಂದೆ ಮಗಳು ನಿಂತಿದ್ದಳು. ಅದು ನಟರಿಗೆ ಗೊತ್ತಿತ್ತು. ಅವಳು ಒಳಗೆ ಹೋದದ್ದೇ ಅರಳಿದ ಮುಖ ಬಾಡಿತು.