ಜವರಮ್ಮ ಎಂದು ಕರೆಯದ ಮನೆ

ಹೊಸಿಲ ಮೇಲೆ ಅಕ್ಕಿ ತುಂಬಿದ ಸೇರು ಇಟ್ಟಿದ್ದರು. ಮದುಮಗಳು ಅದನ್ನು ಬಲಗಾಲಿನಿಂದ ಒದ್ದು ಒಳಗೆ ಬರಬೇಕು. ಅದಕ್ಕೂ ಮೊದಲು ಗಂಡು ಹೆಣ್ಣು ಒಬ್ಬರ ಹೆಸರನ್ನೊಬ್ಬರು ಹೇಳಬೇಕು. ಹೇಳುವ ತನಕ ದಾರಿ ಬಿಡುವುದಿಲ್ಲವೆಂದು ಹೆಂಗಸರು ಬಾಗಿಲಿಗೆ ಅಡ್ಡ ನಿಂತಿದ್ದರು. ಹೆಣ್ಣು ತಲೆ ತಗ್ಗಿಸಿ ದೇವರಾಜು ಎಂದಳು. ಗಂಡು ತಾಯಿಯ ಮುಖವನ್ನೊಮ್ಮೆ ನೋಡಿ, ವಿಶಾಲಾಕ್ಷಿ ಎಂದ.

"ಅವಳ್ಯಾರು?" ಎಂದು ಹೆಣ್ಣು ಕೇಳಿದಳು.

ತಮಾಷೆ ಇರಬೇಕೆಂದು ಹೆಂಗಸರು ನಕ್ಕರು. ಅತ್ತೆ ಕಾಮಾಕ್ಷಮ್ಮ ನಗಲಿಲ್ಲ. ಇನ್ನು ಮೇಲೆ ನೀನೇ ವಿಶಾಲಾಕ್ಷಿ, ಆ ಇನ್ನೊಂದು ಹೆಸರನ್ನು ಈ ಮನೆಯೊಳಗೆ ಯಾರೂ ಎತ್ತಕೂಡದು ಎಂದಳು. ಆ ಇನ್ನೊಂದು ಹೆಸರು ಜವರಮ್ಮ. ಅವಳು ಒದ್ದ ರಭಸಕ್ಕೆ ಅಕ್ಕಿ ನಡುಮನೆಯ ಕಂಬದವರೆಗೂ ಚೆಲ್ಲಿತು.

ಆಗ ಕೊಡಗು ತನ್ನದೇ ಒಂದು ರಾಜ್ಯ. ಕುಶಾಲನಗರವನ್ನು ಹಿರಿಯರು ಇನ್ನೂ ಫ್ರೇಜರ್‌ಪೇಟೆ ಎನ್ನುತ್ತಿದ್ದರು. ಊರ ಅಂಚಿನ ಹೊಳೆಯ ಈಚೆ ದಡ ಕೊಡಗು, ಆಚೆ ದಡ ಮೈಸೂರು. ದೇವರಾಜುವಿನ ಮನೆಯವರು ಹಿಂದಿನ ತಲೆಮಾರಿನಲ್ಲಿ ಹಾಸನದ ಕಡೆಯಿಂದ ಬಂದು ಈಚೆ ದಡದಲ್ಲಿ ಗದ್ದೆ ಮಾಡಿಕೊಂಡವರು. ಜವರಮ್ಮ ಆಚೆ ದಡದವಳು, ಪಿರಿಯಾಪಟ್ಟಣದ ಸೀಮೆಯವಳು.

ಜವರಾಯನೆಂದರೆ ಯಮ. ಜವರಮ್ಮನ ತಾಯಿ ಬೊಳ್ಳಮ್ಮನಿಗೆ ಮೊದಲು ಹುಟ್ಟಿದ ಮಕ್ಕಳಲ್ಲಿ ಒಂದೂ ತೊಟ್ಟಿಲು ದಾಟಿರಲಿಲ್ಲ. ಕೊನೆಗೆ ಹುಟ್ಟಿದ ಈ ಕೂಸನ್ನು ಅವಳು ಮೊರದಲ್ಲಿ ಮಲಗಿಸಿ, ಊರಾಚೆಯ ಜವರಾಯನ ಕಲ್ಲಿನ ಮುಂದಿಟ್ಟು, ಇದು ನಿನ್ನದು, ಇದಕ್ಕೆ ನಿನ್ನದೇ ಹೆಸರು, ನಿನ್ನದನ್ನು ನೀನೇ ಕೀಳಬೇಡ ಎಂದು ಬೇಡಿಕೊಂಡಿದ್ದಳು. ಮಗು ಉಳಿಯಿತು. ಆ ಸೀಮೆಯಲ್ಲಿ ಹಾಗೆ ಉಳಿದ ಜವರಪ್ಪ, ಜವರಮ್ಮಂದಿರು ಬೇಕಾದಷ್ಟಿದ್ದರು. ತಿಪ್ಪೆಯ ಮೇಲೆ ಹೊರಳಿಸಿ ತಿಪ್ಪಯ್ಯ ಎಂದು ಕರೆಸಿಕೊಂಡವರೂ ಇದ್ದರು. ತನ್ನ ಹೆಸರಿನಿಂದಲೇ ತಾನು ಬದುಕಿದ್ದೇನೆಂದು ಜವರಮ್ಮ ಚಿಕ್ಕಂದಿನಿಂದ ಕೇಳಿಕೊಂಡೇ ಬೆಳೆದಿದ್ದಳು.

ಕಾಮಾಕ್ಷಮ್ಮನಿಗೂ ಆ ಹೆಸರಿನ ಅರ್ಥ ಗೊತ್ತಿತ್ತು. ಆದರೆ ಅವಳ ಮನೆಯಿಂದ ಒಂದೇ ಮಳೆಗಾಲದಲ್ಲಿ ಗಂಡನೂ ಮಗಳು ಮುತ್ತಮ್ಮನೂ ಚಳಿಜ್ವರಕ್ಕೆ ಹೋಗಿದ್ದರು. ಗಂಡಸರು ವೀಳ್ಯ ಬದಲಾಯಿಸಿಕೊಂಡು ಬಂದ ಮೇಲಷ್ಟೇ ಸೊಸೆಯ ಹೆಸರು ಅವಳ ಕಿವಿಗೆ ಬಿತ್ತು. ಬೆಳಗೆದ್ದು ಬಾಗಿಲು ತೆಗೆದು ಜವರಾಯನನ್ನು ಒಳಗೆ ಕರೆಯಲು ತನ್ನಿಂದ ಆಗದೆಂದು ಅವಳು ಮಗನಿಗೆ ಖಂಡಿತವಾಗಿ ಹೇಳಿದ್ದಳು. ಮದುವೆ ಮುರಿದರೆ ಊರಲ್ಲಿ ಮುಖ ಎತ್ತುವಂತಿರಲಿಲ್ಲ. ಹಾಗಾಗಿ ಹೆಸರನ್ನು ಮುರಿದಳು.

ವಿಶಾಲಾಕ್ಷಿ ಎಂದು ಕರೆದರೆ ಜವರಮ್ಮ ತಿರುಗಿ ನೋಡುತ್ತಿರಲಿಲ್ಲ. ಕೆಲಸದಲ್ಲಿ ಕುಂದಿರಲಿಲ್ಲ, ನಾಟಿಗೆ, ಕಳೆಗೆ, ಕೊಟ್ಟಿಗೆಗೆ ಯಾರೂ ಹೇಳದೆಯೇ ಹೋಗುತ್ತಿದ್ದಳು. ಕರೆದಾಗ ಮಾತ್ರ ಕಿವಿ ಕೇಳದವಳಂತೆ ಇರುತ್ತಿದ್ದಳು. ಒಂದು ದಿನ ಕಾಮಾಕ್ಷಮ್ಮ ಕೊಟ್ಟಿಗೆಯ ಸಗಣಿಯಲ್ಲಿ ಕಾಲು ಜಾರಿ ಬಿದ್ದಳು. ವಿಶಾಲಾಕ್ಷೀ, ವಿಶಾಲಾಕ್ಷೀ ಎಂದು ಕೂಗಿದಳು. ಸೊಸೆ ಅಂಗಳದಲ್ಲೇ ಬತ್ತ ಹರಡುತ್ತಿದ್ದಳು. ದೇವರಾಜು ಗದ್ದೆಯಿಂದ ಬರುವವರೆಗೂ ಮುದುಕಿ ದನಗಳ ಕಾಲ ಬಳಿಯೇ ಬಿದ್ದಿದ್ದಳು.

ಕೂಗಿದ್ದು ಕೇಳಿಸಲಿಲ್ಲವೇ ಎಂದು ಅವನು ಹೆಂಡತಿಯನ್ನು ಗದರಿದ.

"ಕೇಳುಸ್ತು. ವಿಶಾಲಾಕ್ಷೀನ ಕರೀತಿದ್ರು. ನನ್ನ ಕರೀಲಿಲ್ವಲ್ಲ" ಎಂದಳು ಜವರಮ್ಮ.

ಅಂದಿನಿಂದ ಅತ್ತೆಯ ಬಾಯಲ್ಲಿ ಆ ಹೊಸ ಹೆಸರೂ ನಿಂತುಹೋಯಿತು. 'ಏ', 'ಇವಳೆ', ಕೋಪ ಬಂದಾಗ 'ಆಚೆ ದಡದೋಳು'. ಅಡುಗೆಮನೆಯಿಂದ ಸೊಸೆಯನ್ನು ದೂರವಿಟ್ಟಳು. ತಟ್ಟೆಯನ್ನು ಹಿತ್ತಿಲ ಬಾಗಿಲಲ್ಲಿ ಕುಕ್ಕಿ ಹೋಗುತ್ತಿದ್ದಳು. ಸೊಸೆಯ ಹೆಸರಿನ ವಿಷಯವನ್ನು ಬೀದಿಯ ಹೆಂಗಸರಿಗೂ ಅವಳೇ ಹೇಳಿಟ್ಟಿದ್ದಳು. ಯಾರ ಮನೆಯ ಅರಿಸಿನ ಕುಂಕುಮಕ್ಕೂ ಜವರಮ್ಮನಿಗೆ ಕರೆ ಬರಲಿಲ್ಲ. ಬೆಳಗ್ಗೆ ನೀರಿಗೆ ಹೋಗುವಾಗ ಅವಳು ಎದುರಾದರೆ ಕೆಲವರು ಕೊಡ ಇಳಿಸಿ, ಅವಳು ದಾಟುವವರೆಗೆ ಬೆನ್ನು ತಿರುಗಿಸಿ ನಿಲ್ಲುತ್ತಿದ್ದರು. ಅವಳೂ ಬೇಕೆಂದೇ ನಿಧಾನವಾಗಿ ದಾಟುತ್ತಿದ್ದಳು.

ಹೆಣ್ಣು ಮಗು ಹುಟ್ಟಿತು. ಯಾರನ್ನೂ ಕೇಳದೆ ಕಾಮಾಕ್ಷಮ್ಮ ಅದಕ್ಕೆ ಮುತ್ತಮ್ಮ ಎಂದು ಹೆಸರಿಟ್ಟಳು, ತೀರಿಹೋದ ಮಗಳ ಹೆಸರು. ಮಗುವನ್ನು ಅವಳು ಬಿಸಿನೀರಿನಲ್ಲಿ ಮೀಯಿಸಿ, ಸಾಂಬ್ರಾಣಿ ಹೊಗೆ ಹಿಡಿದು, ತೊಡೆಯ ಮೇಲೆ ಮಲಗಿಸಿಕೊಂಡು ಮುತ್ತೀ ಮುತ್ತೀ ಎನ್ನುತ್ತಿದ್ದಳು. ಮಗುವನ್ನು ತಾಯಿಯ ಕೈಗೆ ಕೊಡುವಾಗ ಮಾತ್ರ ಮುಖ ಬೇರೆ ಕಡೆ ತಿರುಗಿಸುತ್ತಿದ್ದಳು. ಮಗು ಅಂಬೆಗಾಲಿಡುವ ಹೊತ್ತಿಗೆ ಮಳೆಗಾಲ ಬಂತು. ಜ್ವರ ಏರಿತು. ಮಡಿಕೇರಿಯ ಆಸ್ಪತ್ರೆಗೆ ಹೊರಡಬೇಕೆನ್ನುವಷ್ಟರಲ್ಲಿ ಮಗು ಹೋಗಿಬಿಟ್ಟಿತು.

ಮಣ್ಣು ಮಾಡಿ ಬಂದ ಗಂಡಸರು ಇನ್ನೂ ಜಗುಲಿಯಲ್ಲೇ ಇದ್ದರು. ಕಾಮಾಕ್ಷಮ್ಮ ಗೋಡೆಗೊರಗಿ ಕೂತವಳು ಎಲ್ಲರಿಗೂ ಕೇಳುವಂತೆ ಹೇಳಿದಳು: "ಬೇಡ ಬೇಡ ಅಂದೆ. ಹೆಸರಲ್ಲೇ ಅವನ್ನ ಕೂರುಸ್ಕೊಂಡು ಬಂದವ್ಳೆ. ಬಂದೋನು ಬರಿಗೈಲಿ ಹೋದಾನಾ?"

ಜವರಮ್ಮ ಎದ್ದು ಬಂದು ಅತ್ತೆಯ ಎದುರಿಗೆ ನಿಂತಳು. ಅವಳ ಎದೆಯ ಹಾಲು ಕುಪ್ಪಸ ನೆನೆಸಿತ್ತು.

"ನನ್ನೆಸ್ರು ಇಟ್ಟಿದ್ರೆ ಉಳೀತಿತ್ತು ಕೂಸು. ಸತ್ತೋಳ ಹೆಸ್ರು ಇಟ್ರಿ. ಅವಳ್ ತಾವ್ಕೇ ಹೋಯ್ತು."

ಜಗುಲಿಯಲ್ಲಿದ್ದವರು ಒಬ್ಬೊಬ್ಬರಾಗಿ ಎದ್ದು ಹೋದರು. ಕಾಮಾಕ್ಷಮ್ಮ ಎರಡು ಕೈಯಿಂದಲೂ ಬಾಯಿ ಮುಚ್ಚಿಕೊಂಡು ಕೂತೇ ಇದ್ದಳು. ದೇವರಾಜು ಹೆಂಡತಿಯ ಕೆನ್ನೆಗೆ ಹೊಡೆದ. ತವರಿಗೆ ನಡೆ, ನಾನು ಕರೆಯುವವರೆಗೂ ಬರಬೇಡ ಎಂದ.

ಅವಳು ಸೇತುವೆ ದಾಟಿ ನಡೆದು ಹೋದಳು. ಆಗಲೇ ಮತ್ತೊಂದು ಬಸಿರು ನಿಂತಿತ್ತೆಂದು ಅವಳಿಗೆ ಗೊತ್ತಾದದ್ದು ತವರಿಗೆ ಹೋದ ಮೇಲೆ. ಗಂಡು ಮಗು ಹುಟ್ಟಿತು. ಬೊಳ್ಳಮ್ಮ ಮೊಮ್ಮಗನನ್ನು ಅದೇ ಕಲ್ಲಿನ ಮುಂದೆ ಮೊರದಲ್ಲಿಟ್ಟು ಜವರಪ್ಪ ಎಂದು ಕರೆದಳು.

ಸುದ್ದಿ ತಿಳಿದು ದೇವರಾಜು ಬಂದ. ಬಾಳೆಗೊನೆ, ಬೆಲ್ಲ, ಮಗುವಿಗೆ ಬಟ್ಟೆ ತಂದಿದ್ದ. ಬೊಳ್ಳಮ್ಮ ಅಳಿಯನಿಗೆ ಕಾಲಿಗೆ ನೀರು ಕೊಟ್ಟಳು, ಆದರೆ ಒಳಗೆ ಬಾ ಎನ್ನಲಿಲ್ಲ. ಜವರಮ್ಮ ಒಳಗಿನಿಂದಲೇ ಹೇಳಿಕಳಿಸಿದಳು: ನಾನು ಕರೆಯುವವರೆಗೂ ಬರಬೇಡ ಎಂದವರು ಇವರೇ, ಕರೆಯಲಿ, ಬರುತ್ತೇನೆ.

ಅವನು ಬಾರೇ ಎಂದ. ಒಳಗೆ ಸದ್ದಿಲ್ಲ. ಹೊತ್ತಾಯಿತು, ಹೊರಡೋಣ ಎಂದ. ಸದ್ದಿಲ್ಲ. ಅಕ್ಕಪಕ್ಕದ ಮನೆಯವರು ಬಾಗಿಲಿಗೆ ಬಂದು ನೋಡುತ್ತಿದ್ದರು. ಅವನಿಗೆ ನಾಚಿಕೆಗಿಂತ ಹೆಚ್ಚಾಗಿ ಭಯವಾಗಿತ್ತು. ಅಪ್ಪ ಮತ್ತು ತಂಗಿಯ ಹೆಣಗಳನ್ನು ಒಂದೇ ವಾರದಲ್ಲಿ ಹೊತ್ತ ಹೆಗಲು ಅವನದು. ಆ ಹೆಸರು ಅವನ ನಾಲಿಗೆಯ ಮೇಲೆ ಅದುವರೆಗೆ ಒಮ್ಮೆಯೂ ಬಂದಿರಲಿಲ್ಲ.

"ಜವರಮ್ಮ" ಎಂದ, ಕೊನೆಗೆ.

"ಇನ್ನೊಂದ್ ಸಲ ಕರೀರಿ. ನಮ್ಮವ್ವಂಗೆ ಕಿವಿ ಮಂದ."

ಅವನು ಬೀದಿಗೆಲ್ಲ ಕೇಳುವಂತೆ ಕರೆದ. ಅವಳು ಮಗುವನ್ನು ಎತ್ತಿಕೊಂಡು ಹೊರಗೆ ಬಂದಳು. ಅವನು ಮುಂದೆ, ಅವಳು ಹಿಂದೆ, ಸೇತುವೆ ದಾಟಿದರು. ಕೆನ್ನೆಗೆ ಬಿದ್ದ ಏಟನ್ನು ಅವಳು ಮರೆತಿರಲಿಲ್ಲ, ತಾಯಿಗೆ ಆಡಿದ ಮಾತನ್ನು ಅವನು ಮರೆತಿರಲಿಲ್ಲ.

ಮಗುವಿನ ಹೆಸರು ಕೇಳಿದ ಕಾಮಾಕ್ಷಮ್ಮ ತನ್ನ ಪಾತ್ರೆಗಳನ್ನು ಎತ್ತಿಕೊಂಡು ಪಡಸಾಲೆಯ ಮೂಲೆಗೆ ಹೋದಳು. ಅಲ್ಲೇ ಮೂರು ಕಲ್ಲಿಟ್ಟು ಬೇರೆ ಒಲೆ ಹೂಡಿದಳು. ಒಂದೇ ಮಾಡಿನ ಕೆಳಗೆ ಎರಡು ಒಲೆ ಉರಿದವು. ಮೊಮ್ಮಗನನ್ನು ಅವಳು ಮಂಜುನಾಥ ಎಂದು ಕರೆದು ಸಕ್ಕರೆ ತೋರಿಸುತ್ತಿದ್ದಳು. ತಾಯಿ ನೋಡಿದರೆ ಮಗುವನ್ನು ರಟ್ಟೆ ಹಿಡಿದು ಎಳೆದುಕೊಂಡು ಬಂದು, ಅದರ ಬಾಯಿಂದ ಸಕ್ಕರೆ ಉಗುಳಿಸುತ್ತಿದ್ದಳು.

ಒಂದು ಮಳೆಗಾಲದಲ್ಲಿ ಕಾಮಾಕ್ಷಮ್ಮ ಹಾಸಿಗೆ ಹಿಡಿದಳು. ಅವಳ ಕೈಯಿಂದ ನನ್ನ ಬಾಯಿಗೆ ಒಂದು ತೊಟ್ಟು ನೀರೂ ಬೀಳಕೂಡದು ಎಂದು ಮಗನಿಂದ ಮಾತು ತೆಗೆದುಕೊಂಡಳು. ಜವರಮ್ಮ ಅದನ್ನು ಕೇಳಿಸಿಕೊಂಡಳು. ಆದರೂ ದಿನವೂ ಗಂಜಿ ಮಾಡಿ ಹಾಸಿಗೆಯ ಪಕ್ಕ ಇಟ್ಟು ಬರುತ್ತಿದ್ದಳು. ಕನಿಕರದಿಂದಲ್ಲ. ಸೊಸೆ ಅನ್ನ ಹಾಕಲಿಲ್ಲ ಎಂಬ ಮಾತನ್ನು ಮುದುಕಿ ಗೆದ್ದುಕೊಂಡು ಹೋಗಬಾರದೆಂಬ ಹಟದಿಂದ. ಮುಟ್ಟದ ಗಂಜಿಯನ್ನು ಸಂಜೆ ಎಮ್ಮೆಗೆ ಸುರಿಯುತ್ತಿದ್ದಳು.

ಮಳೆ ಬಿಡುವ ಮೊದಲೇ ಮುದುಕಿ ಸತ್ತಳು. ಅಂಗಳದಲ್ಲಿ ಚಟ್ಟ ಕಟ್ಟುತ್ತಿದ್ದಾಗ ಹೆಂಗಸರ ಗುಂಪಿನಲ್ಲಿ ಒಬ್ಬಳು, ಮನೆಯೊಳಗೇ ಇಟ್ಟುಕೊಂಡ ಮೇಲೆ ಜವರಾಯ ಸುಮ್ಮನಿರುತ್ತಾನಾ, ಕೊನೆಗೂ ಒಯ್ದ ಎಂದು ಪಿಸುಗುಟ್ಟಿದಳು. ಜವರಮ್ಮ ಹೊಸಿಲಿಗೆ ಬಂದು ನಿಂತಳು.

"ನನ್ನೆಸ್ರು ಕೊಲ್ಲೋದಾಗಿದ್ರೆ, ಬಂದ್ ದಿನಾನೇ ಕೊಲ್ತಿತ್ತು ಕಣ್ರವ್ವ. ಇಷ್ಟ್ ವರ್ಸ ಕಾಯ್ಸ್ತಿರ್ಲಿಲ್ಲ."

ತಿಥಿಯ ದಿನ ಬೀದಿಯ ಒಂದು ಮನೆಯವರೂ ಊಟಕ್ಕೆ ಬರಲಿಲ್ಲ. ದೇವರಾಜು ಬಾಗಿಲಲ್ಲಿ ನಿಂತು ಕಾದ, ಬಡಿಸಿದ ಎಲೆಗಳ ಮೇಲೆ ನೊಣ ಕೂತವು. ಜವರಮ್ಮ ಒಳಗಿನಿಂದ ಬಂದು ಎಲೆಗಳನ್ನು ಒಂದೊಂದಾಗಿ ಮಡಚಿ ಎತ್ತಿದಳು. ಆಮೇಲೆ ಪಡಸಾಲೆಯ ಮೂಲೆಯಲ್ಲಿದ್ದ ಮೂರು ಕಲ್ಲುಗಳನ್ನು ಕಿತ್ತು ಹಿತ್ತಿಲಿಗೆ ಎಸೆದು, ಆ ಜಾಗವನ್ನು ಸಗಣಿಯಿಂದ ಸಾರಿಸಿದಳು.